ಸಂಚಕಾರ ಕೊಟ್ಟ ಮೇಲೆ

ನಮ್ಮ ಧಾರವಾಡದ ಕಡೆ ಹೊಲ, ಮನೆ, ಪ್ಲಾಟು ಕೊಳ್ಳುವಾಗ ಮೊದಲು ಕೊಡುವ ಮುಂಗಡಕ್ಕೆ ಸಂಚಕಾರ ಎನ್ನುತ್ತಾರೆ. ಅದನ್ನು ಬರೆದಿಟ್ಟ ಕಾಗದ ಸಂಚಕಾರ ಪತ್ರ. ಬೆಂಗಳೂರು, ಮೈಸೂರಿನವರಿಗೆ ಅದೇ ಅಗ್ರಿಮೆಂಟು. ದಸ್ತಾವೇಜು ಬರೆಯುವವರ ಭಾಷೆಯಲ್ಲಿ ಕ್ರಯದ ಕರಾರು. ಆದರೆ ನಾಡಿನ ಎಲ್ಲ ಕಡೆ ಸಂಚಕಾರ ಎಂಬ ಮಾತಿಗೆ ಇನ್ನೊಂದು ಅರ್ಥವೂ ಇದೆಯಲ್ಲ: ಜೀವಕ್ಕೆ ಸಂಚಕಾರ, ನೌಕರಿಗೆ ಸಂಚಕಾರ. ಈ ಎರಡೂ ಅರ್ಥಗಳು ಒಂದೇ ಕಾಗದದಲ್ಲಿ ಬಂದು ಕೂಡುವುದನ್ನು ಮೂವತ್ತು ವರ್ಷಗಳಿಂದ ಸಿವಿಲ್ ಕೋರ್ಟಿನಲ್ಲಿ ವಕೀಲರ ಬೆಂಚಿನ ಮೇಲೆ ಕೂತು ನೋಡುತ್ತ ಬಂದಿದ್ದೇನೆ. ಈ ಅಂಕಣಕ್ಕೆ ಬರುವ ಪ್ರಶ್ನೆಗಳಲ್ಲೂ ಹೆಚ್ಚಿನವು ಇದರ ಸುತ್ತಲೇ ತಿರುಗುತ್ತವೆ. "ಅಗ್ರಿಮೆಂಟ್ ಆಗಿದೆ, ಅಡ್ವಾನ್ಸ್ ಕೊಟ್ಟಾಗಿದೆ, ಈಗ ಖರೀದಿ ಹಾಕಿಕೊಡಲು ಒಲ್ಲೆ ಅನ್ನುತ್ತಿದ್ದಾರೆ. ಏನು ಮಾಡಲಿ?"

2019ರ ಆರಂಭದಲ್ಲಿ ಒಬ್ಬರು ನನ್ನ ಕಚೇರಿಗೆ ಬಂದರು. ನಿವೃತ್ತಿಗೆ ಹತ್ತಿರವಿದ್ದ ಸರಕಾರಿ ನೌಕರರು. ಚೀಲದಿಂದ ಅವರು ಸಂಚಕಾರ ಪತ್ರ ತೆಗೆದು ಮೇಜಿನ ಮೇಲಿಟ್ಟಾಗ ನಾನು ಒಂದು ಕ್ಷಣ ಸುಮ್ಮನೆ ಕೂತೆ. ಪತ್ರವನ್ನು ಲ್ಯಾಮಿನೇಟ್ ಮಾಡಿಸಿದ್ದರು. ಗೆದ್ದಲು ಹತ್ತಬಾರದು, ನೀರು ತಾಗಬಾರದು ಎಂಬ ಕಾಳಜಿ. ಹುಬ್ಬಳ್ಳಿಯ ಹೊರವಲಯದ ಒಂದು ಪ್ಲಾಟು. ಮಾತಾದ ಬೆಲೆ 18 ಲಕ್ಷ, ಸಂಚಕಾರ 4 ಲಕ್ಷ. ಪತ್ರ ಆಗಿದ್ದು 2014ರ ಆಗಸ್ಟಿನಲ್ಲಿ. ಆರು ತಿಂಗಳೊಳಗೆ ಬಾಕಿ ಹಣ ಕೊಟ್ಟು ಖರೀದಿ ಮಾಡಿಕೊಳ್ಳಬೇಕೆಂದು ಅದರಲ್ಲಿ ಸ್ಪಷ್ಟವಾಗಿ ಬರೆದಿತ್ತು. "ಐದು ವರ್ಷ ಭಾಳ ಜೋಪಾನ ಇಟ್ಟೀನ್ರಿ ಸಾಹೇಬ್ರ. ಕೇಳಿದಾಗೊಮ್ಮೆ ಉತಾರದಾಗ ಹೆಸರು ಸರಿಯಾಗ್ಲಿ, ಮುಂದಿನ ತಿಂಗಳು ಹಾಕಿಕೊಡ್ತೀನಿ ಅಂತಾನ ಬಂದರು. ಈಗ ಇನ್ನೊಬ್ಬರ ಜೋಡಿ ಮಾತಾಡ್ಯಾರಂತ" ಎಂದರು. ಎಂದಾದರೂ ಬರಹದಲ್ಲಿ ಕೇಳಿದಿರಾ ಎಂದೆ. ಇಲ್ಲ. ಬಾಕಿ ಹಣ ಹೊಂದಿಸಿ ಇಂಥ ದಿನ ಬನ್ನಿ ಎಂದು ಕರೆದಿದ್ದಿರಾ? ಅದೂ ಇಲ್ಲ. ಕಾಗದ ಜೋಪಾನವಾಗಿತ್ತು, ಹಕ್ಕು ಹನ್ನೊಂದು ತಿಂಗಳ ಹಿಂದೆಯೇ ಸತ್ತುಹೋಗಿತ್ತು.

ನಾನು ವಕೀಲಿ ಕಲಿತ ಹಿರಿಯರು ಈ ಪತ್ರಗಳ ಬಗ್ಗೆ ಒಂದು ಮಾತು ಹೇಳುತ್ತಿದ್ದರು: "ತಮ್ಮಾ, ಸಂಚಕಾರ ಪತ್ರ ಅಂದ್ರ ಹೊಲ ಅಲ್ಲ. ಹೊಲ ಕೇಳಲಿಕ್ಕೆ ಕೋರ್ಟಿಗೆ ಬರೂ ತಿಕೀಟು. ತಿಕೀಟಿಗೆ ತಾರೀಖು ಇರ್ತದ." 1882ರ ಸ್ವತ್ತು ವರ್ಗಾವಣೆ ಕಾಯಿದೆಯ 54ನೇ ಕಲಮು ಇದನ್ನೇ ಬೇರೆ ಮಾತಿನಲ್ಲಿ ಹೇಳುತ್ತದೆ. ಮಾರುವ ಕರಾರು ತಾನಾಗಿಯೇ ಆ ಸ್ವತ್ತಿನಲ್ಲಿ ಯಾವ ಹಿತಾಸಕ್ತಿಯನ್ನೂ ಹುಟ್ಟಿಸುವುದಿಲ್ಲ. ನೋಂದಾಯಿತ ಖರೀದಿ ಪತ್ರ ಆಗುವವರೆಗೆ ಹೊಲ ಮಾರುವವನದೇ, ಮುಂಗಡ ಎಷ್ಟೇ ಕೊಟ್ಟಿರಲಿ. ನಿಮ್ಮ ಕೈಯಲ್ಲಿರುವುದು ಆ ಮನುಷ್ಯ ಕೊಟ್ಟ ಮಾತನ್ನು ನಡೆಸುವಂತೆ ಕೇಳುವ ಹಕ್ಕು ಮಾತ್ರ. ಕೋರ್ಟಿನಲ್ಲಿ ಅದಕ್ಕಾಗಿ ಹೂಡುವುದು ಕರಾರು ನೆರವೇರಿಸಿಕೊಡುವ ದಾವೆ. ವಕೀಲರ ಬಾಯಲ್ಲಿ ಸ್ಪೆಸಿಫಿಕ್ ಪರ್ಫಾರ್ಮೆನ್ಸ್.

ಈ ವ್ಯತ್ಯಾಸ ತಿಳಿಯದಿದ್ದರೆ ಏನಾಗುತ್ತದೆ ಎಂಬುದಕ್ಕೆ 2025ರ ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟು ಬೆಂಗಳೂರಿನ ಒಂದು ಪ್ರಕರಣದಲ್ಲಿ ಕೊಟ್ಟ ತೀರ್ಪು ನೋಡಬಹುದು. ಹಳೆಯ ಶಿಕ್ಷಣ ಸಂಸ್ಥೆಯೊಂದರ ಸ್ವಾಧೀನದಲ್ಲಿದ್ದ ಸ್ವತ್ತನ್ನು ಬೇರೆ ಯಾರೋ ತಮಗೆ 2018ರಲ್ಲಿ ಮಾರಲು ಕರಾರು ಮಾಡಿಕೊಟ್ಟಿದ್ದಾರೆ, 75 ಲಕ್ಷ ರೂಪಾಯಿ ನಗದಾಗಿ ಕೊಟ್ಟಿದ್ದೇವೆ ಎಂದು ಹೇಳಿಕೊಂಡವರು ಆ ಸಂಸ್ಥೆಯ ಮೇಲೆಯೇ ತಡೆಯಾಜ್ಞೆ ಕೇಳಿ ದಾವೆ ಹಾಕಿದ್ದರು. ಸಂಸ್ಥೆ ಆ ಕರಾರಿಗೆ ಸಹಿ ಹಾಕಿರಲೇ ಇಲ್ಲ. ಕರಾರು ನಿಮಗೆ ಸ್ವತ್ತಿನ ಮೇಲೆ ಹಕ್ಕು ಕೊಟ್ಟಿಲ್ಲ, ಕೇಳುವುದಿದ್ದರೆ ಕರಾರು ಮಾಡಿಕೊಟ್ಟವರನ್ನು ಕೇಳಿ ಎಂದು ಸುಪ್ರೀಂ ಕೋರ್ಟು ಆ ವಾದಪತ್ರವನ್ನೇ ತಿರಸ್ಕರಿಸಿತು. ಜೊತೆಗೆ ಇನ್ನೊಂದು ಸೂಚನೆಯನ್ನೂ ಕೊಟ್ಟಿತು: ಇಂಥ ದಾವೆಗಳಲ್ಲಿ ಎರಡು ಲಕ್ಷ ಅಥವಾ ಹೆಚ್ಚು ಹಣವನ್ನು ನಗದಾಗಿ ಕೊಟ್ಟಿದ್ದೇನೆ ಎಂದು ಯಾರಾದರೂ ಹೇಳಿದರೆ ಕೋರ್ಟು ಆ ವಿಷಯವನ್ನು ಆದಾಯ ತೆರಿಗೆ ಇಲಾಖೆಗೆ ತಿಳಿಸಬೇಕು. ಸ್ಥಿರಾಸ್ತಿ ವ್ಯವಹಾರದಲ್ಲಿ 20,000 ರೂಪಾಯಿ ಅಥವಾ ಹೆಚ್ಚಿನ ಮುಂಗಡವನ್ನು ನಗದಾಗಿ ಪಡೆಯಬಾರದೆಂಬ ನಿಯಮ 2015ರ ಜೂನಿನಿಂದಲೇ ಇದೆ. ಆದರೂ ನಮ್ಮಲ್ಲಿ ಸಂಚಕಾರ ಎಂದರೆ ಇಂದಿಗೂ ಅಮಾವಾಸ್ಯೆ ಕಳೆದು ಒಳ್ಳೆಯ ದಿನ ನೋಡಿ, ಎಲೆ ಅಡಿಕೆಯ ಮೇಲಿಟ್ಟು ಕೊಡುವ ನೋಟಿನ ಕಟ್ಟು.

ತಿಕೀಟಿನ ತಾರೀಖಿನ ವಿಷಯಕ್ಕೆ ಬರೋಣ. ಕರಾರಿನಲ್ಲಿ ಖರೀದಿಗೆ ದಿನಾಂಕ ಗೊತ್ತುಮಾಡಿದ್ದರೆ ಆ ದಿನದಿಂದ ಮೂರು ವರ್ಷದೊಳಗೆ ದಾವೆ ಹೂಡಬೇಕು. ದಿನಾಂಕ ಬರೆದಿರದಿದ್ದರೆ, ಮಾರುವವರು ಒಲ್ಲೆ ಎಂದದ್ದು ನಿಮಗೆ ತಿಳಿದ ದಿನದಿಂದ ಮೂರು ವರ್ಷ. 1963ರ ಕಾಲಮಿತಿ ಕಾಯಿದೆಯ 54ನೇ ಅನುಚ್ಛೇದ ಹೇಳುವುದು ಇಷ್ಟೇ. "ಮುಂದಿನ ತಿಂಗಳು ಆಗಲಿ" ಎಂಬ ಬಾಯಿಮಾತು ಎಷ್ಟು ಸಲ ಬಂದರೂ ಈ ಗಡಿಯಾರ ನಿಲ್ಲುವುದಿಲ್ಲ. ಗಡುವು ಮುಂದೆ ಹಾಕುವುದಿದ್ದರೆ ಇಬ್ಬರೂ ಸಹಿ ಹಾಕಿದ ಪುರವಣಿ ಕರಾರು ಬೇಕು. ಲ್ಯಾಮಿನೇಟ್ ಮಾಡಿಸಿದ ನಮ್ಮ ಗೆಳೆಯರ ಆರು ತಿಂಗಳು ಮುಗಿದದ್ದು 2015ರ ಫೆಬ್ರುವರಿಯಲ್ಲಿ, ಮೂರು ವರ್ಷ ಮುಗಿದದ್ದು 2018ರ ಫೆಬ್ರುವರಿಯಲ್ಲಿ. ಪ್ಲಾಟು ಹೋಯಿತು. ನೋಟೀಸು ಕೊಟ್ಟು, ಊರ ಹಿರಿಯರನ್ನು ನಡುವೆ ಕೂರಿಸಿ ಮಾತಾಡಿದ್ದಕ್ಕೆ ಸಂಚಕಾರದ ಹಣ ಮೂರು ಕಂತಿನಲ್ಲಿ, ಬಡ್ಡಿಯಿಲ್ಲದೆ ವಾಪಸ್ ಬಂತು. ಅಷ್ಟಾದರೂ ಬಂದದ್ದು ಎದುರಿನವರ ಮನಸ್ಸಿನಲ್ಲಿ ಇನ್ನೂ ಸ್ವಲ್ಪ ಅಳುಕು ಉಳಿದಿದ್ದರಿಂದ.

ಮೂರು ವರ್ಷದೊಳಗೆ ಬಂದವರೆಲ್ಲ ಗೆಲ್ಲುತ್ತಾರೆಯೇ? ಅದೂ ಇಲ್ಲ. ಈ ದಾವೆಗಳ ಜೀವ ಇರುವುದು ಇನ್ನೊಂದು ಕಡೆ. ಕೊಳ್ಳುವವನು ತನ್ನ ಪಾಲಿನ ಕರಾರು ನಡೆಸಲು ಮೊದಲಿನಿಂದ ಕೊನೆಯವರೆಗೂ ತಯಾರಿದ್ದೆ, ಮನಸ್ಸೂ ಇತ್ತು ಎಂದು ರುಜುವಾತು ಮಾಡಬೇಕು. ತಯಾರಿ ಎಂದರೆ ಹಣದ ತಾಕತ್ತು. ಮನಸ್ಸು ಎಂದರೆ ನಡವಳಿಕೆ. ಪಾಟೀಸವಾಲಿನಲ್ಲಿ ಎದುರು ವಕೀಲರು ಕೇಳುವ ಪ್ರಶ್ನೆಗಳು ಇಲ್ಲಿಂದಲೇ ಶುರುವಾಗುತ್ತವೆ. ಒಮ್ಮೆ ನನ್ನ ಕಕ್ಷಿದಾರರೊಬ್ಬರು ಕಟಕಟೆಯಲ್ಲಿ ನಿಂತಿದ್ದರು. ಬಾಕಿ ಕೊಡಬೇಕಿದ್ದದ್ದು 22 ಲಕ್ಷ. ಅಷ್ಟು ಹಣ ಆಗ ಎಲ್ಲಿತ್ತು ಎಂದು ಕೇಳಿದರು. "ಮನೀಯಾಗ ಇತ್ರಿ." ಮನೆಯಲ್ಲಿ ಎಲ್ಲಿ? "ತಿಜೋರಿಯಾಗ್ರಿ." ಆ ವರ್ಷ ನಿಮ್ಮ ಪಾಸ್‌ಬುಕ್ಕಿನಲ್ಲಿ ಎಷ್ಟಿತ್ತು? ಅವರು ನನ್ನ ಮುಖ ನೋಡಿದರು. ನಾನು ನನ್ನ ಕಡತ ನೋಡಿದೆ. ಪಾಸ್‌ಬುಕ್ಕಿನಲ್ಲಿದ್ದದ್ದು ಹನ್ನೊಂದು ಸಾವಿರ ಚಿಲ್ಲರೆ. ಅದೇ ತಿಂಗಳು ಬಂಗಾರದ ಮೇಲೆ ಸಾಲ ತೆಗೆದದ್ದೂ ದಾಖಲೆಯಲ್ಲಿತ್ತು. ನಾವು ಸೋತೆವು. ಮುಂಗಡ ವಾಪಸ್ ಕೊಡಿಸುವ ಡಿಕ್ರಿಯಾಯಿತು, ಅಷ್ಟೇ. ಹಣವನ್ನು ಕೋರ್ಟು ಹೇಳದ ಹೊರತು ಮೊದಲೇ ಠೇವಣಿ ಇಡಬೇಕಿಲ್ಲ, ನೋಟಿನ ಕಟ್ಟು ತಂದು ತೋರಿಸಲೂ ಬೇಕಿಲ್ಲ. ಆದರೆ ಅದು ನಿಮ್ಮಿಂದ ಆಗುವ ಮಾತಾಗಿತ್ತು ಎಂದು ತೋರಿಸುವ ಕಾಗದ ಬೇಕು. ಬ್ಯಾಂಕಿನ ಸಾಲ ಮಂಜೂರಾತಿ ಪತ್ರ, ಮುದ್ದತು ಠೇವಣಿ, ಬೇರೆ ಸ್ವತ್ತು ಮಾರಿದ ದಾಖಲೆ, ಯಾವುದಾದರೂ ಸರಿ.

ಇಲ್ಲಿ 2018ರ ತಿದ್ದುಪಡಿಯ ಮಾತು ಬರಬೇಕು. ಹೆಚ್ಚಿನ ಗೊಂದಲ ಹುಟ್ಟಿರುವುದು ಅದರಿಂದಲೇ. 1963ರ ನಿರ್ದಿಷ್ಟ ಪರಿಹಾರ ಅಧಿನಿಯಮದ ಹಳೆಯ ರೂಪದಲ್ಲಿ ಕರಾರು ಎಷ್ಟೇ ಸರಿಯಿದ್ದರೂ ಖರೀದಿ ಮಾಡಿಕೊಡು ಎಂದು ಹೇಳುವುದು ಬಿಡುವುದು ನ್ಯಾಯಾಧೀಶರ ವಿವೇಚನೆಗೆ ಬಿಟ್ಟದ್ದಾಗಿತ್ತು. ಮಾರುವವನಿಗೆ ಮೊದಲು ಊಹಿಸಲಾಗದ ಕಷ್ಟ ಬಂದೊದಗುತ್ತದೆ ಎನಿಸಿದರೆ ಮುಂಗಡ ವಾಪಸ್ ಕೊಡಿಸಿ ಕಳಿಸಬಹುದಿತ್ತು. 2018ರ ಅಕ್ಟೋಬರ್ 1ರಿಂದ ಜಾರಿಗೆ ಬಂದ ತಿದ್ದುಪಡಿ ಆ ವಿವೇಚನೆಯನ್ನು ತೆಗೆದುಹಾಕಿತು. ಕಾಯಿದೆಯ ಷರತ್ತುಗಳು ಪೂರೈಸಿದ್ದರೆ ಕೋರ್ಟು ಕರಾರನ್ನು ಜಾರಿ ಮಾಡಿಸಲೇಬೇಕು. ಇದನ್ನು ಓದಿದ ಎಷ್ಟೋ ಜನ "ಇನ್ನು ಅಗ್ರಿಮೆಂಟು ಇದ್ದರೆ ಸಾಕಂತಲ್ಲ" ಎಂದು ಕೇಳುತ್ತಾರೆ. ಸಾಲದು. ತಯಾರಿ ಮತ್ತು ಮನಸ್ಸು ರುಜುವಾತು ಮಾಡಬೇಕೆಂಬ 16ನೇ ಕಲಮು ಇದ್ದಲ್ಲೇ ಇದೆ. ಅದರಲ್ಲಿ ಆದ ಬದಲಾವಣೆ ಇಷ್ಟೇ: ಮೊದಲು ವಾದಪತ್ರದಲ್ಲಿ ಹೇಳಬೇಕಿತ್ತು, ಸಾಬೀತೂ ಮಾಡಬೇಕಿತ್ತು, ಈಗ ಸಾಬೀತು ಮಾಡಬೇಕು. ಬಾಗಿಲು ಅಗಲವಾಗಿದೆ, ಹೊಸ್ತಿಲು ಹಾಗೇ ಇದೆ.

ಬೆಲೆ ಏರಿದ ಮೇಲೆ ಮಾತು ತಪ್ಪುವವರ ಬಗ್ಗೆ ಓದುಗರಿಗೆ ಸಿಟ್ಟಿರುತ್ತದೆ. ಅದು ಸಹಜ. ಆದರೆ ಬೆಲೆ ಏರುವವರೆಗೆ ಕಾದು ಕೂರುವವರೂ ಇದ್ದಾರೆ. ಮದುರೈನ ಒಂದು ಮನೆಯ ವ್ಯಾಜ್ಯ ನೆನಪಾಗುತ್ತದೆ. 1978ರ ಡಿಸೆಂಬರಿನಲ್ಲಿ 60,000 ರೂಪಾಯಿಗೆ ಮಾತಾಗಿ, 5,000 ಮುಂಗಡ ಕೊಟ್ಟು, ಆರು ತಿಂಗಳ ಗಡುವು ಹಾಕಿಕೊಂಡಿದ್ದರು. ಕೊಳ್ಳುವವರು ಎದ್ದು ನೋಟೀಸು ಕೊಟ್ಟದ್ದು 1981ರ ಜುಲೈನಲ್ಲಿ. ಅಷ್ಟರಲ್ಲಿ ಬೆಲೆ ಎಲ್ಲಿಗೋ ಹೋಗಿತ್ತು. 1997ರಲ್ಲಿ ಸುಪ್ರೀಂ ಕೋರ್ಟು ಅವರ ದಾವೆಯನ್ನು ಒಪ್ಪಲಿಲ್ಲ. ಸ್ಥಿರಾಸ್ತಿಯ ಕರಾರಿನಲ್ಲಿ ಸಾಮಾನ್ಯವಾಗಿ ಗಡುವೇ ಕರಾರಿನ ತಿರುಳಲ್ಲ ಎಂಬ ಹಳೆಯ ತತ್ವ ನಿಜ. ಹಾಗೆಂದು ಗಡುವಿಗೆ ಬೆಲೆಯೇ ಇಲ್ಲ ಎಂದು ತಿಳಿಯಬೇಡಿ ಎಂಬುದು ಆ ತೀರ್ಪಿನ ಸಾರ. 2011ರಲ್ಲಿ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಇದನ್ನು ಇನ್ನಷ್ಟು ಬಿಡಿಸಿ ಬರೆದರು. ಕರ್ನಾಟಕ ಹೈಕೋರ್ಟಿನಲ್ಲಿ ವರ್ಷಗಟ್ಟಲೆ ಕೂತಿದ್ದವರು ಅವರು, ಬೆಂಗಳೂರಿನ ಸೈಟಿನ ಬೆಲೆ ಹೇಗೆ ಜಿಗಿಯುತ್ತದೆಂದು ಬಲ್ಲವರು. ಬೆಲೆಗಳು ನಿಂತಲ್ಲೇ ನಿಂತಿದ್ದ ಕಾಲದ ತತ್ವವನ್ನು ಬೆಲೆ ನಾಗಾಲೋಟದಲ್ಲಿ ಓಡುವ ಕಾಲಕ್ಕೆ ಹಾಗೇ ಅನ್ವಯಿಸಲಾಗದು, ದಾವೆಗೆ ಮೂರು ವರ್ಷ ಕಾಲಾವಕಾಶವಿದೆ ಎಂದು ಒಂದೆರಡು ವರ್ಷ ಸುಮ್ಮನೆ ಕೂತು ಬರುವವನಿಗೆ ಪರಿಹಾರ ಸಿಗಲಾರದು ಎಂಬುದು ಅವರ ತರ್ಕ. ನನಗೆ ಇದು ಸರಿ ಕಾಣುತ್ತದೆ. ಐದು ಸಾವಿರ ಕೊಟ್ಟು ಇನ್ನೊಬ್ಬರ ಮನೆಯನ್ನು ವರ್ಷಾನುಗಟ್ಟಲೆ ಕಟ್ಟಿಹಾಕಿ, ಬೆಲೆ ಬಂದಾಗ ಹಳೆಯ ದರಕ್ಕೆ ಕೊಡು ಎನ್ನುವುದು ವ್ಯಾಪಾರ ಅಲ್ಲ, ಜೂಜು.

ಮಾರುವವರ ಕಡೆಯಿಂದಲೂ ಒಂದು ಮಾತು ಹೇಳಬೇಕು. ಹಳ್ಳಿಯಿಂದ ಬರುವ ಎಷ್ಟೋ ಸಂಚಕಾರ ಪತ್ರಗಳಲ್ಲಿ ಮಾರುವ ಮಾತೇ ಇರುವುದಿಲ್ಲ. ಮಗಳ ಲಗ್ನಕ್ಕೋ ಬೋರ್‌ವೆಲ್ಲಿಗೋ ಎರಡು ಲಕ್ಷ ಕೈಗಡ ತೆಗೆಯುತ್ತಾರೆ. ಸಾಹುಕಾರ ಕೈಗಡಕ್ಕೆ ಭದ್ರತೆಯಾಗಿ ನಾಲ್ಕೆಕರೆ ಹೊಲದ ಸಂಚಕಾರ ಪತ್ರ ಬರೆಸಿಕೊಳ್ಳುತ್ತಾನೆ. ಬಡ್ಡಿ ಕಟ್ಟುವವರೆಗೆ ಪತ್ರ ತಿಜೋರಿಯಲ್ಲಿ, ಕಟ್ಟದಿದ್ದರೆ ಕೋರ್ಟಿನಲ್ಲಿ. "ನಾ ಹೊಲಾ ಮಾರೇ ಇಲ್ರಿ, ರೊಕ್ಕ ಇಸ್ಕೊಂಡೀನಿ ಅಷ್ಟ" ಎಂದು ಅಳುತ್ತ ಬರುವ ರೈತರಿಗೆ ನಾನು ಹೇಳುವುದು ಇದು: ಬರೆದ ಪತ್ರದ ವಿರುದ್ಧ ಬಾಯಿಸಾಕ್ಷ್ಯ ಸಾಮಾನ್ಯವಾಗಿ ನಡೆಯದು. ಆದರೆ ಆ ಪತ್ರ ಬರೀ ತೋರಿಕೆಗೆ ಮಾಡಿದ್ದು, ನಿಜವಾದ ವ್ಯವಹಾರ ಸಾಲದ್ದು ಎಂದು ತೋರಿಸಲು ಕಾಯಿದೆ ಅವಕಾಶ ಕೊಡುತ್ತದೆ. ಬಡ್ಡಿ ಕಟ್ಟಿದ ಚೀಟಿ, ಫೋನ್‌ಪೇ ದಾಖಲೆ, ಬೆಲೆಗೂ ಹೊಲದ ನಿಜವಾದ ಮೌಲ್ಯಕ್ಕೂ ಇರುವ ಅಜಗಜಾಂತರ, ಹೊಲ ಅಳೆಸದೆ ಉತಾರ ನೋಡದೆ ಪತ್ರ ಮಾಡಿದ್ದು, ಇವೆಲ್ಲ ಸಾಕ್ಷ್ಯಗಳೇ. ನೋಟೀಸು ಬಂದ ದಿನವೇ ಉತ್ತರ ಕೊಡಿಸಿ. ಬಂದ ನೋಟೀಸನ್ನು ಜಂತಿಗೆ ಸಿಕ್ಕಿಸಿಟ್ಟು, ಎರಡು ವರ್ಷದ ಮೇಲೆ ಕಟಕಟೆಯಲ್ಲಿ ಹೊಸ ಕತೆ ಹೇಳಿದರೆ ನಂಬುವವರು ಕಡಿಮೆ.

ಹಣ ಉಳಿಸಲು ಹೋಗಿ ಪತ್ರವನ್ನೇ ಕುಂಟು ಮಾಡಿಕೊಳ್ಳುವುದು ಇನ್ನೊಂದು ಗೋಳು. ಕಬ್ಜಾ ಕೊಟ್ಟು ಮಾಡಿದ ಕರಾರಿಗೆ ಕರ್ನಾಟಕದಲ್ಲಿ ಖರೀದಿ ಪತ್ರದಷ್ಟೇ ಮುದ್ರಾಂಕ ಶುಲ್ಕ ಕಟ್ಟಬೇಕು. ಜನ ಒಂದು ಚಿಕ್ಕ ಬಾಂಡ್ ಕಾಗದದ ಮೇಲೆ "ಇಂದೇ ಕಬ್ಜಾ ಕೊಟ್ಟಿರುತ್ತೇನೆ" ಎಂದು ಬರೆಸಿಬಿಡುತ್ತಾರೆ. ಕೋರ್ಟಿನಲ್ಲಿ ಆ ಪತ್ರ ಹಾಜರಾದ ಕೂಡಲೇ ಎದುರಿನವರು ತಕರಾರು ಎತ್ತುತ್ತಾರೆ, ಪತ್ರ ಜಪ್ತಾಗುತ್ತದೆ. ಕೊರತೆಯಾದ ಶುಲ್ಕದ ಜೊತೆಗೆ ಅದರ ಹತ್ತು ಪಟ್ಟು ದಂಡ ಕಟ್ಟಿದರೇನೇ ಅದು ಸಾಕ್ಷ್ಯವಾಗುವುದು. ಕೋರ್ಟು ದಂಡ ಹಾಕುವಾಗ ಈ ಹತ್ತು ಪಟ್ಟನ್ನು ಇಳಿಸುವ ಅಧಿಕಾರ ಅದಕ್ಕಿಲ್ಲ ಎಂದು ಕರ್ನಾಟಕದ್ದೇ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2018ರಲ್ಲಿ ಹೇಳಿದೆ. ಆ ವಿವೇಚನೆ ಇರುವುದು ಜಿಲ್ಲಾ ನೋಂದಣಾಧಿಕಾರಿಗೆ. ಕೆಲವು ಜಮೀನುಗಳ ಕರಾರಂತೂ ಹುಟ್ಟಿನಿಂದಲೇ ನಿರ್ಜೀವ. ಭೂಸುಧಾರಣೆಯಲ್ಲಿ ಉಳುವವನಿಗೆ ಸಿಕ್ಕ ಹೊಲವನ್ನು ಹದಿನೈದು ವರ್ಷ ಮಾರಬಾರದೆಂಬ ಷರತ್ತಿತ್ತು. ಆ ಅವಧಿಯೊಳಗೇ ಮಾಡಿಕೊಂಡ ಕರಾರೊಂದನ್ನು ಜಾರಿ ಮಾಡಿಸಲು 2019ರಲ್ಲಿ ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಪರಿಶಿಷ್ಟರಿಗೆ ಮಂಜೂರಾದ ಜಮೀನಿಗೆ ಸಂಚಕಾರ ಕೊಡುವ ಮುನ್ನ, ಅಂಥ ಜಮೀನಿನ ಪರಭಾರೆಯನ್ನು ತಡೆಯುವ 1978ರ ಪಿಟಿಸಿಎಲ್ ಕಾಯಿದೆ ನೆನಪಿರಲಿ. ಹಿರಿಯರಿಂದ ಬಂದ ಆಸ್ತಿಯಾದರೆ ಅಣ್ಣತಮ್ಮಂದಿರ ಜೊತೆ ಅಕ್ಕತಂಗಿಯರ ಸಹಿಯನ್ನೂ ಕೇಳಿ. ಹೆಣ್ಣುಮಕ್ಕಳಿಗೆ ಪಾಲಿದೆ ಎಂಬುದು ಈಗ ಹಳೆಯ ಸುದ್ದಿ, ಸಂಚಕಾರ ಪತ್ರ ಬರೆಯುವವರಿಗೆ ಮಾತ್ರ ಇನ್ನೂ ಮುಟ್ಟಿಲ್ಲ.

ಮೂರನೆಯವರಿಗೆ ಮಾರಿಬಿಟ್ಟರೆ? ನಿಮ್ಮ ಕರಾರು ಗೊತ್ತಿದ್ದೂ ಕೊಂಡವರ ಮೇಲೆ ನಿಮ್ಮ ದಾವೆ ನಡೆಯುತ್ತದೆ. ಏನೂ ಗೊತ್ತಿಲ್ಲದೆ, ಪ್ರಾಮಾಣಿಕವಾಗಿ ಪೂರ್ತಿ ಹಣ ಕೊಟ್ಟು ಕೊಂಡವರ ಮೇಲೆ ನಡೆಯುವುದಿಲ್ಲ. ಅದಕ್ಕೇ ಸಂಚಕಾರ ಪತ್ರವನ್ನು ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಣಿ ಮಾಡಿಸಿ ಎನ್ನುವುದು. ನೋಂದಣಿಯಾಗದ ಕರಾರನ್ನೂ ಈ ದಾವೆಯಲ್ಲಿ ಸಾಕ್ಷ್ಯವಾಗಿ ತೆಗೆದುಕೊಳ್ಳುತ್ತಾರೆ ನಿಜ. ಆದರೆ ನೋಂದಣಿಯಾಗಿದ್ದರೆ ಅದು ಋಣಭಾರ ಪತ್ರದಲ್ಲಿ, ಅಂದರೆ ಇಸಿಯಲ್ಲಿ ಕಾಣುತ್ತದೆ, ಮುಂದೆ ಕೊಳ್ಳುವವನು ಗೊತ್ತಿರಲಿಲ್ಲ ಎನ್ನುವಂತಿಲ್ಲ. ದಾವೆ ಹೂಡಿದ ಮೇಲೆ ಮಾರಿದರೆ ಕೊಂಡವರೂ ಆ ದಾವೆಯ ಫಲಕ್ಕೆ ಬದ್ಧರು.

ದಾವೆ ಎಂದರೆ ಸಣ್ಣ ಖರ್ಚಲ್ಲ. ಕೋರ್ಟು ಶುಲ್ಕವನ್ನು ಕರಾರಿನ ಪೂರ್ತಿ ಬೆಲೆಯ ಮೇಲೆ ಲೆಕ್ಕ ಹಾಕುತ್ತಾರೆ, ಕೊಟ್ಟ ಮುಂಗಡದ ಮೇಲಲ್ಲ. ವಾದಪತ್ರದಲ್ಲಿ ಖರೀದಿಯ ಜೊತೆಗೆ, ಅದು ಆಗದಿದ್ದರೆ ಮುಂಗಡ ವಾಪಸ್ ಕೊಡಿಸಿ ಎಂಬ ಕೋರಿಕೆಯೂ ಇರಬೇಕು. ಕೇಳದಿದ್ದರೆ ಕೋರ್ಟು ತಾನಾಗಿ ಕೊಡಿಸದು. ಗೆದ್ದ ಮೇಲೂ ಮೈಮರೆಯುವಂತಿಲ್ಲ. ಡಿಕ್ರಿಯಲ್ಲಿ ಹೇಳಿದ ದಿನದೊಳಗೆ ಬಾಕಿ ಹಣ ಕಟ್ಟದಿದ್ದರೆ ಕರಾರನ್ನೇ ರದ್ದು ಮಾಡಿ ಎಂದು ಮಾರುವವರು ಅರ್ಜಿ ಹಾಕಬಹುದು. ಹಣ ಕಟ್ಟಿದ ಮೇಲೂ ಅವರು ಸಹಿ ಹಾಕದಿದ್ದರೆ ಕೋರ್ಟೇ ಅವರ ಪರವಾಗಿ ಖರೀದಿ ಪತ್ರ ಮಾಡಿಸಿಕೊಡುತ್ತದೆ. ಮೇಲ್ಮನವಿಗಳನ್ನೂ ದಾಟಿ ಅಲ್ಲಿಗೆ ತಲುಪುವಷ್ಟರಲ್ಲಿ ಎಷ್ಟೋ ದಾವೆಗಳಲ್ಲಿ ಸಹಿ ಹಾಕಿದವರು ತೀರಿಕೊಂಡು ಮಕ್ಕಳು ಎದುರುಬದುರು ನಿಂತಿರುತ್ತಾರೆ. ನಡುದಾರಿಯಲ್ಲಿ ರಾಜಿಗೆ ಬಂದರೆ ತಪ್ಪಿಲ್ಲ ಎಂಬುದು ನನ್ನ ಅನುಭವ. ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಕಟ್ಟಿದ ಕೋರ್ಟು ಶುಲ್ಕವೂ ವಾಪಸ್ ಬರುತ್ತದೆ.

ಇಷ್ಟೆಲ್ಲ ಹೇಳಿದ ಮೇಲೆ ನನ್ನ ಕೋರಿಕೆ ಚಿಕ್ಕದು. ನಿಮ್ಮ ಕಪಾಟಿನಲ್ಲಿ ಅಂಥದ್ದೊಂದು ಪತ್ರ ಇದ್ದರೆ ಇವತ್ತೇ ಹೊರಗೆ ತೆಗೆಯಿರಿ. ಗಡುವಿನ ದಿನಾಂಕ ಹುಡುಕಿ, ಅದಕ್ಕೆ ಮೂರು ವರ್ಷ ಕೂಡಿಸಿ ಕ್ಯಾಲೆಂಡರಿನಲ್ಲಿ ಬರೆದಿಡಿ. ಆ ದಿನ ಇನ್ನೂ ದೂರವಿದ್ದರೂ ಈ ವಾರವೇ ಒಂದು ರಿಜಿಸ್ಟರ್ಡ್ ನೋಟೀಸು ಕೊಡಿಸಿ: ಬಾಕಿ ಹಣ ತಯಾರಿದೆ, ಇಂಥ ದಿನ, ಇಷ್ಟು ಹೊತ್ತಿಗೆ ಸಬ್ ರಿಜಿಸ್ಟ್ರಾರ್ ಕಚೇರಿಗೆ ಬನ್ನಿ. ಆ ದಿನ ನೀವಂತೂ ಹೋಗಿ, ಹೋದದ್ದಕ್ಕೆ ಒಂದು ದಾಖಲೆ ಮಾಡಿಕೊಂಡು ಬನ್ನಿ. ಲ್ಯಾಮಿನೇಟ್ ಮಾತ್ರ ಮಾಡಿಸಬೇಡಿ.